ಜಿಲ್ಲೆಯಲ್ಲೇ ಉಳಿಯುವ ಟಿ.ವಿ. ವರದಿಗಾರರಿಗೆ ಮುಂದೇನಿದೆ?

ಮಂಡ್ಯ ಮೈಕು:
ಗೆಳೆಯರೆ, ನಾನು ಕನ್ನಡ ಸುದ್ದಿ ವಾಹಿನಿಯೊಂದರ ಮಂಡ್ಯ ಜಿಲ್ಲಾ ವರದಿಗಾರ್ತಿ. ಮಾನಸಗಂಗೋತ್ರಿಯಲ್ಲಿ ಪತ್ರಿಕೋದ್ಯಮದ ಎಂ.ಎ. ಮುಗಿಸಿ, ಮೈಸೂರಿನ ಕೇಬಲ್ ವಾಹಿನಿಯೊಂದರಲ್ಲಿ ಕೆಲವು ಕಾಲ ವಾರ್ತೆ ಓದಿ, ಆಮೇಲೆ ಇಲ್ಲಿಗೆ ಬಂದವಳು. ಈಗ ಕಚೇರಿಯವರು ಬೆಂಗಳೂರಿನ ಇನ್‌ಪುಟ್ ಡೆಸ್ಕಿಗೆ, ಅಂದರೆ ಜಿಲ್ಲೆಗಳಿಂದ ಸುದ್ದಿ ತರಿಸಿಕೊಳ್ಳುವ ವಿಭಾಗಕ್ಕೆ, ಬರುವಂತೆ ಕೇಳುತ್ತಿದ್ದಾರೆ. ಅಲ್ಲಿ ಸಂಬಳ ಹೆಚ್ಚು, ಪಾಳಿ ನಿಗದಿಯಾಗಿರುತ್ತದೆ, ವಾರಕ್ಕೊಂದು ರಜೆಯೂ ಇದೆ. ಇಲ್ಲಿ ಇವುಗಳಲ್ಲಿ ಒಂದೂ ಇಲ್ಲ, ಆದರೂ ಹೋಗಲು ಮನಸ್ಸು ಒಪ್ಪುತ್ತಿಲ್ಲ.

ನನ್ನ ಪ್ರಶ್ನೆ ಇಷ್ಟೆ. ಒಂದೇ ಜಿಲ್ಲೆಯಲ್ಲಿ ಮೂವತ್ತು ವರ್ಷ ಪತ್ರಿಕೆಗೆ ಬರೆದವರನ್ನು ನಾವು ಹಿರಿಯ ಪತ್ರಕರ್ತರೆಂದು ಕರೆದು, ಪತ್ರಕರ್ತರ ಭವನದಲ್ಲಿ ಶಾಲು ಹೊದಿಸುತ್ತೇವೆ. ಟಿ.ವಿ.ಯಲ್ಲಿ ಹಾಗೆಯೇ ಉಳಿದವರನ್ನು ಮಾತ್ರ "ಇನ್ನೂ ಅಲ್ಲೇ ಇದ್ದೀರಾ?" ಎಂದು ಕೇಳುತ್ತಾರೆ. ಜಿಲ್ಲೆಯಲ್ಲಿಯೇ ಉಳಿದು ಪ್ರಸಾರ ಮಾಧ್ಯಮದಲ್ಲಿ ಒಂದು ಪೂರ್ಣ ವೃತ್ತಿಜೀವನ ನಡೆಸುವುದು ಸಾಧ್ಯವೇ? ಅನುಭವ ಇರುವವರು ಹೇಳಬೇಕು.

ಡೆಸ್ಕಿನವನು:
ಹೋಗಿ ಮೇಡಂ, ಎರಡನೆಯ ಮಾತೇ ಬೇಡ. ನಾನು ನಂಜನಗೂಡಿನವನು, ಮೈಸೂರಿನಲ್ಲಿ ವರದಿಗಾರನಾಗಿದ್ದು, ಈಗ ಬೆಂಗಳೂರಿನಲ್ಲಿ ಔಟ್‌ಪುಟ್ ನೋಡಿಕೊಳ್ಳುತ್ತಿದ್ದೇನೆ. ಯಾವ ಸುದ್ದಿ ತೆರೆಯ ಮೇಲೆ ಬರಬೇಕು, ಎಷ್ಟು ಹೊತ್ತು ಇರಬೇಕು, ಯಾವ ಶೀರ್ಷಿಕೆ ಹಾಕಬೇಕು ಎಂಬುದೆಲ್ಲ ತೀರ್ಮಾನವಾಗುವುದು ಇಲ್ಲಿ. ಜಿಲ್ಲೆಯಲ್ಲಿ ನೀವು ಎಷ್ಟೇ ಚೆನ್ನಾಗಿ ಕೆಲಸ ಮಾಡಿದರೂ ಬಡ್ತಿ ಎಂಬ ಮೆಟ್ಟಿಲೇ ಇಲ್ಲ. ವರದಿಗಾರ, ಹಿರಿಯ ವರದಿಗಾರ, ಅಲ್ಲಿಗೆ ಮುಗಿಯಿತು.

ನಾಲೆ ಬದಿ:
ಮೇಡಂ, ನೀವು ಹೋಗಬಾರದು ಎಂಬುದು ಒಬ್ಬ ರೈತನಾಗಿ ನನ್ನ ಅಭಿಪ್ರಾಯ. ಜೂನ್ ತಿಂಗಳಲ್ಲಿ ಮಳೆ ಹಿಂದೆ ಬಿದ್ದರೆ ನಮ್ಮ ಕಡೆಯವರು "ಸಾ, ಕಟ್ಟೆ ಎಷ್ಟಡಿ ಐತೆ?" ಎಂದು ಮೊದಲು ಫೋನ್ ಮಾಡುವುದು ನೀರಾವರಿ ಇಲಾಖೆಗೆ ಅಲ್ಲ, ಪರಿಚಯದ ವರದಿಗಾರರಿಗೆ. ಕನ್ನಂಬಾಡಿ ಕಟ್ಟೆಯ (ಕೆಆರ್‌ಎಸ್) ಗರಿಷ್ಠ ಮಟ್ಟ 124.80 ಅಡಿ ಎಂಬುದು ಇಲ್ಲಿ ಹೈಸ್ಕೂಲು ಹುಡುಗರಿಗೂ ಗೊತ್ತು. ಆದರೆ ಈ ದಿನದ ಒಳಹರಿವು ಎಷ್ಟು, ಹೊರಹರಿವು ಎಷ್ಟು, ನಾಲೆಗೆ ಕಟ್ಟು ಪದ್ಧತಿಯಲ್ಲಿ (ಸರದಿಯಂತೆ ಬಿಟ್ಟು ಬಿಟ್ಟು) ನೀರು ಬಿಡುತ್ತಾರೋ ಇಲ್ಲವೋ, ಭತ್ತದ ಒಟ್ಲು (ಸಸಿಮಡಿ) ಬಿಡಬಹುದೋ ಇಲ್ಲವೋ ಎಂಬುದನ್ನು ಸ್ಥಳದಲ್ಲಿದ್ದು ವಿಚಾರಿಸಿ ಹೇಳುವವರು ಬೇಕು. ಬೆಂಗಳೂರಿನ ಸ್ಟುಡಿಯೋದಲ್ಲಿ ಕುಳಿತು ಕಾವೇರಿ ಕುರಿತು ಕೂಗಾಡುವವರು ಈಗಾಗಲೇ ಸಾಕಷ್ಟು ಮಂದಿ ಇದ್ದಾರೆ.

ಡೆಸ್ಕಿನವನು:
ರೈತರ ಅನುಕೂಲಕ್ಕಾಗಿ ಆಕೆ ಮನೆ ಬಾಡಿಗೆ ಕಟ್ಟಲು ಒದ್ದಾಡಬೇಕೆ?

ನಾಲೆ ಬದಿ:
ಹಾಗೆಂದು ನಾನು ಹೇಳಲಿಲ್ಲ ಸರ್. ಸಂಬಳ ಅಲ್ಲಿಯೇ ಏಕೆ ಹೆಚ್ಚು, ಇಲ್ಲಿ ಏಕೆ ಕಡಿಮೆ ಎಂದು ನಿಮ್ಮಂಥವರು ಕೇಳಬೇಕು.

ಹಳೆಯ ವರದಿಗಾರ:
ತಂಗಿ, ನಾನು ರೇಡಿಯೋಗೆ ಅರೆಕಾಲಿಕ ವರದಿಗಾರನಾಗಿ ಈ ಭಾಗದಲ್ಲಿ ಬಹುಕಾಲ ಕೆಲಸ ಮಾಡಿದವನು. ನಿಮ್ಮ ಪ್ರಶ್ನೆಗೆ ನನ್ನ ಉತ್ತರ "ಸಾಧ್ಯ" ಎಂಬುದೇ. ಆದರೆ ಅದು ಯಾವ ಬಗೆಯ ಬದುಕು ಎಂಬುದನ್ನು ಮೊದಲು ಹೇಳಿಬಿಡುತ್ತೇನೆ.

ನಮ್ಮ ಕಾಲದಲ್ಲಿ ಸುದ್ದಿ ಕಳುಹಿಸುವುದೆಂದರೆ ಫೋನಿನಲ್ಲಿ ಹೇಳಿ ಬರೆಸುವುದು. ಟ್ರಂಕ್ ಕಾಲ್ ಬುಕ್ ಮಾಡಿ, ಲೈನು ಸಿಗುವವರೆಗೆ ಕಾದು, ಸಿಕ್ಕ ಮೇಲೆ ಅತ್ತ ಬರೆದುಕೊಳ್ಳುವವರಿಗೆ ಕೇಳುವಂತೆ ಕಿಕ್ಕೇರಿ, ಅಕ್ಕಿಹೆಬ್ಬಾಳು ಮುಂತಾದ ಊರ ಹೆಸರುಗಳನ್ನು ಅಕ್ಷರ ಅಕ್ಷರವಾಗಿ ಕೂಗಿ ಹೇಳಬೇಕಾಗಿತ್ತು. ಎಷ್ಟೇ ದೊಡ್ಡ ಘಟನೆಯಾದರೂ ಪ್ರದೇಶ ಸಮಾಚಾರದಲ್ಲಿ ಅದಕ್ಕೆ ಸಿಗುವುದು ಮೂರು ಅಥವಾ ನಾಲ್ಕು ವಾಕ್ಯ. ಓದುವವರು ಬೇರೆಯವರು, ನಮ್ಮ ಹೆಸರು ಬರುವುದಿಲ್ಲ, ದನಿಯೂ ಬಹುತೇಕ ಬರುವುದಿಲ್ಲ. ಬೆಳಿಗ್ಗೆ ಕಾಫಿ ಕುಡಿಯುತ್ತ ಹೋಟೆಲಿನಲ್ಲಿ ಕುಳಿತವರು ಆ ಸುದ್ದಿ ಕೇಳಿ ಚರ್ಚೆ ಮಾಡುತ್ತಿರುವಾಗ, ಅದನ್ನು ಕಳುಹಿಸಿದವನು ಪಕ್ಕದ ಮೇಜಿನಲ್ಲೇ ಇದ್ದಾನೆಂದು ಯಾರಿಗೂ ತಿಳಿದಿರುತ್ತಿರಲಿಲ್ಲ.

ಹಾಗೆ ಹೆಸರಿಲ್ಲದೆ ಇದ್ದುದರಿಂದ ನಮಗೆ ಒಂದು ಶಿಸ್ತು ಬಂದಿತು. 1991ರ ಡಿಸೆಂಬರ್‌ನಲ್ಲಿ, ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ (ಒಂದು ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ) ನೀರು ಬಿಡಬೇಕೆಂಬ ಕಾವೇರಿ ನ್ಯಾಯಮಂಡಳಿಯ ಮಧ್ಯಂತರ ಆದೇಶ ಕೇಂದ್ರದ ರಾಜ್ಯಪತ್ರದಲ್ಲಿ ಪ್ರಕಟವಾದ ಮೇಲೆ, ಈ ಭಾಗದಲ್ಲಿ ಮತ್ತು ಬೆಂಗಳೂರಿನಲ್ಲಿ ಗಲಭೆಗಳು ನಡೆದವು. ಊರಿನಲ್ಲಿ ಗಂಟೆಗೊಂದು ಸುದ್ದಿ ಹಬ್ಬುತ್ತಿತ್ತು. ಆಸ್ಪತ್ರೆಗೆ ಹೋಗಿ, ಪೊಲೀಸ್ ಠಾಣೆಗೆ ಹೋಗಿ, ಎರಡು ಕಡೆಯೂ ಒಂದೇ ಮಾತು ಬಂದರೆ ಮಾತ್ರ ಬರೆಸುವುದು ನಮ್ಮ ಪದ್ಧತಿಯಾಗಿತ್ತು. ತಡವಾದರೆ ಆಗಲಿ, ಆ ಹೊತ್ತಿನಲ್ಲಿ ಒಂದು ಅಂಕಿ ತಪ್ಪಿದರೆ ಇನ್ನೊಂದು ಬೀದಿಗೆ ಬೆಂಕಿ ಬೀಳಬಹುದು ಎಂಬ ಎಚ್ಚರ ಇರುತ್ತಿತ್ತು. ಈ ಎಚ್ಚರ ಬರುವುದು ನಾಳೆಯೂ ನೀವು ಅದೇ ಬೀದಿಯಲ್ಲಿ ನಡೆಯಬೇಕಾಗಿರುವಾಗ. ಬೆಂಗಳೂರಿನ ಡೆಸ್ಕಿನವರಿಗೆ ಅದು ಇರುವುದಿಲ್ಲ ಎಂದು ನಾನು ಹೇಳುವುದಿಲ್ಲ, ಆದರೆ ಅದನ್ನು ಅವರು ಪ್ರಯತ್ನಪಟ್ಟು ತಂದುಕೊಳ್ಳಬೇಕಾಗುತ್ತದೆ.

ಗಂಗೋತ್ರಿ ಹಾಸ್ಟೆಲ್:
ಸರ್, ನಾನು ಈಗ ಎಂ.ಎ. ಮೊದಲ ವರ್ಷದ ವಿದ್ಯಾರ್ಥಿ. ಮೈಸೂರಿನಲ್ಲಿ ರೇಡಿಯೋ ಶುರುವಾದದ್ದು 1974ರಲ್ಲಿ ಅಲ್ಲವೇ? ಅದಕ್ಕೂ ಮೊದಲು ಈ ಭಾಗದ ಸುದ್ದಿ ಹೇಗೆ ಹೋಗುತ್ತಿತ್ತು?

ಯಾದವಗಿರಿ ಕೇಳುಗ:
1974ರಲ್ಲಿ ಆದದ್ದು ಪುನರಾರಂಭ. ಮಹಾರಾಜ ಕಾಲೇಜಿನ ಮನಃಶಾಸ್ತ್ರ ಪ್ರಾಧ್ಯಾಪಕರಾಗಿದ್ದ ಡಾ. ಎಂ. ವಿ. ಗೋಪಾಲಸ್ವಾಮಿ ಅವರು 1935ರ ಸೆಪ್ಟೆಂಬರ್ 10ರಂದು ಒಂಟಿಕೊಪ್ಪಲಿನ ತಮ್ಮ ಮನೆ ವಿಠ್ಠಲ ವಿಹಾರದಿಂದ ಪ್ರಸಾರ ಆರಂಭಿಸಿದರು. ಒಬ್ಬ ಅಧ್ಯಾಪಕರು ಸ್ವಂತ ಆಸಕ್ತಿಯಿಂದ, ಸ್ವಂತ ಹಣ ಹಾಕಿ ನಡೆಸಿದ ಕೇಂದ್ರ ಅದು. ಆಮೇಲೆ ಅದು ಸರ್ಕಾರದ ಕೈಗೆ ಬಂದು, 1955ರಲ್ಲಿ ಬೆಂಗಳೂರಿಗೆ ಸ್ಥಳಾಂತರವಾಯಿತು. ಮೈಸೂರಿಗೆ ಮತ್ತೆ ತನ್ನದೇ ಕೇಂದ್ರ ದೊರೆಯಲು ಸುಮಾರು ಎರಡು ದಶಕ ಕಾಯಬೇಕಾಯಿತು. ಈಗಿನ ಯಾದವಗಿರಿಯ ಕೇಂದ್ರ ಆ ಹಳೆಯ ಮನೆಯಿಂದ ಕೂಗಳತೆಯ ದೂರದಲ್ಲಿದೆ. ಎಫ್.ಎಂ. ನೂರು ಪಾಯಿಂಟ್ ಆರರಲ್ಲಿ ಇಂದಿಗೂ ನಮ್ಮ ಮನೆಯಲ್ಲಿ ಅದೇ ಮೊಳಗುತ್ತದೆ. ಇಷ್ಟಾದರೂ ಪ್ರದೇಶ ಸಮಾಚಾರ ಬರುವುದು ಬೆಂಗಳೂರಿನಿಂದಲೇ. ಪ್ರಸಾರ ಮಾಧ್ಯಮ ಜಿಲ್ಲೆಯಲ್ಲಿ ಹುಟ್ಟಿ ರಾಜಧಾನಿಗೆ ಹೋಗುವುದು ಇಂದು ನಿನ್ನೆಯ ಕಥೆಯಲ್ಲ.

ಕ್ಯಾಮೆರಾ ಹಿಂದೆ:
ಎಲ್ಲರೂ ವರದಿಗಾರರ ಬಗ್ಗೆಯೇ ಮಾತನಾಡುತ್ತಿದ್ದೀರಿ. ಜಿಲ್ಲೆಯ ಕ್ಯಾಮೆರಾಮನ್‌ಗಳ ಗತಿ ಏನೆಂದು ಯಾರಾದರೂ ಯೋಚಿಸಿದ್ದೀರಾ?

ಮೊಬೈಲ್ ಬರುವ ಮೊದಲಿನ ಮಾತು ಹೇಳುತ್ತೇನೆ. ಚಿತ್ರೀಕರಿಸಿದ ಚಿಕ್ಕ ಟೇಪನ್ನು ಲಕೋಟೆಗೆ ಹಾಕಿ, ಮೇಲೆ ವಿವರ ಬರೆದು, ಮೈಸೂರಿನ ಸಬ್‌ಅರ್ಬನ್ ಬಸ್ ನಿಲ್ದಾಣದಲ್ಲಿ ಬೆಂಗಳೂರಿನ ಬಸ್ಸಿನ ಕಂಡಕ್ಟರ್ ಕೈಗೆ ಕೊಟ್ಟು, ಬಸ್ಸಿನ ನಂಬರನ್ನು ಫೋನ್ ಮಾಡಿ ಕಚೇರಿಗೆ ತಿಳಿಸುತ್ತಿದ್ದೆವು. ಅತ್ತ ಮೈಸೂರು ರಸ್ತೆಯ ನಿಲ್ದಾಣದಲ್ಲಿ ಆಫೀಸಿನ ಹುಡುಗ ಕಾದು ನಿಂತಿರುತ್ತಿದ್ದ. ಮದ್ದೂರಿನಲ್ಲಿ ರಸ್ತೆ ತಡೆಯಾದರೆ, ರಸ್ತೆ ತಡೆಯ ಸುದ್ದಿ ಇರುವ ಟೇಪೇ ಆ ರಸ್ತೆ ತಡೆಯಲ್ಲಿ ಸಿಕ್ಕಿಕೊಳ್ಳುತ್ತಿತ್ತು. ಕಂಡಕ್ಟರ್‌ಗಳು ಒಂದು ಟೀ ದುಡ್ಡಿಗೂ ಕೈ ಚಾಚದೆ ಈ ಕೆಲಸ ಮಾಡಿಕೊಟ್ಟಿದ್ದಾರೆ, ಅದನ್ನು ಹೇಳಲೇಬೇಕು.

1994ರಲ್ಲಿ ಉದಯ ಟಿ.ವಿ., 2000ದ ಕೊನೆಗೆ ಈಟಿವಿ ಬಂದ ಕಾಲಕ್ಕೆ ದಿನಕ್ಕೆ ಕೆಲವೇ ವಾರ್ತಾ ಪ್ರಸಾರಗಳಿದ್ದವು. ಸಂಜೆಯೊಳಗೆ ಟೇಪು ಮುಟ್ಟಿದರೆ ಸಾಕಿತ್ತು. 2006ರಲ್ಲಿ ಟಿವಿ9 ಕನ್ನಡದಲ್ಲಿ ಬಂದ ಮೇಲೆ, ಅದರ ಬೆನ್ನಿಗೆ ಇನ್ನಷ್ಟು ಇಪ್ಪತ್ತನಾಲ್ಕು ಗಂಟೆಯ ವಾಹಿನಿಗಳು ಹುಟ್ಟಿದ ಮೇಲೆ, ಸಂಜೆ ಎಂಬುದೇ ಇಲ್ಲವಾಯಿತು. ಘಟನೆ ನಡೆಯುತ್ತಿರುವಾಗಲೇ ದೃಶ್ಯ ಬೇಕು. ಈಗ ವರದಿಗಾರರೇ ಮೊಬೈಲಿನಲ್ಲಿ ಚಿತ್ರೀಕರಿಸಿ ಕಳುಹಿಸುತ್ತಾರೆ, ಕ್ಯಾಮೆರಾಮನ್ ಅಗತ್ಯವಿಲ್ಲ ಎನ್ನುತ್ತಾರೆ. ನನ್ನ ಜೊತೆಗಿದ್ದವರಲ್ಲಿ ಅರ್ಧ ಜನ ಮದುವೆ ವಿಡಿಯೋಗೆ ಹೋಗಿದ್ದಾರೆ. ಅಲ್ಲಿ ಸಂಪಾದನೆಯೇ ಹೆಚ್ಚು ಎಂಬುದು ಬೇರೆ ಮಾತು.

ಸರಸ್ವತಿಪುರಂ ಮೇಷ್ಟ್ರು:
ಒಂದು ಸಣ್ಣ ಸೇರ್ಪಡೆ. ಬೆಂಗಳೂರು ದೂರದರ್ಶನ 1981ರ ನವೆಂಬರ್ 1ರಂದು ಆರಂಭವಾಯಿತು. ಆದ್ದರಿಂದ ಜಿಲ್ಲೆಗಳ ದೃಶ್ಯ ವರದಿಗಾರಿಕೆ ಉದಯ ಟಿ.ವಿ.ಯಿಂದ ಶುರುವಾಯಿತು ಎಂದು ಭಾವಿಸಬಾರದು. ಒಂದು ಸುದ್ದಿಗೆ ಇಷ್ಟು ಎಂಬ ಲೆಕ್ಕದ ಸ್ಟ್ರಿಂಗರ್ ಪದ್ಧತಿಯೂ ಖಾಸಗಿಯವರ ಆವಿಷ್ಕಾರವಲ್ಲ, ಅವರು ಅದನ್ನು ಮುಂದುವರಿಸಿದರು ಅಷ್ಟೆ.

ನಾನು ಪತ್ರಿಕೋದ್ಯಮ ಪಾಠ ಮಾಡುತ್ತೇನೆ. ಮಹಾರಾಜ ಕಾಲೇಜಿನಲ್ಲಿ ನಾಡಿಗ ಕೃಷ್ಣಮೂರ್ತಿಯವರು 1951ರಲ್ಲಿ ಈ ವಿಷಯದ ಬೋಧನೆ ಆರಂಭಿಸಿದರು. ಅಂದಿನಿಂದ ಇಂದಿನವರೆಗೆ ಈ ಊರು ನಾಡಿಗೆಲ್ಲ ಪತ್ರಕರ್ತರನ್ನು ಕೊಟ್ಟಿದೆ. ಆದರೆ ನಮ್ಮ ತರಗತಿಗೆ ಬರುವ ಹತ್ತು ಮಂದಿಯಲ್ಲಿ ಎಂಟು ಮಂದಿಗೆ ಆ್ಯಂಕರ್ ಆಗಬೇಕು. ಉಳಿದ ಇಬ್ಬರು ವರದಿಗಾರರಾಗಲು ಒಪ್ಪಿದರೂ ವಿಧಾನಸೌಧವೇ ಬೇಕು ಎನ್ನುತ್ತಾರೆ. ಪಾಂಡವಪುರದ ತಾಲ್ಲೂಕು ಕಚೇರಿಯಲ್ಲಿ ಕುಳಿತು ಪಹಣಿ ಓದಲು ಕಲಿಯುತ್ತೇನೆ ಎನ್ನುವವರು ಸಿಗುವುದಿಲ್ಲ. ಹಾಗಾಗಿ ಮಂಡ್ಯ ಮೈಕು ಅವರ ಹಿಂಜರಿಕೆಯೇ ನನಗೆ ಸಂತೋಷ ತಂದಿದೆ.

ಡೆಸ್ಕಿನವನು:
ಮೇಷ್ಟ್ರೆ, ನಿಮಗೆ ವಿಶ್ವವಿದ್ಯಾಲಯದ ಸಂಬಳ ಬರುತ್ತದೆ, ಸಂತೋಷಪಡಬಹುದು. ಈಕೆಗೆ ನಾಳೆ ವಾಹಿನಿಯ ಮಾಲೀಕರು ಬದಲಾದರೆ ಲೋಗೋ ವಾಪಸ್ ಕೊಡಿ ಎನ್ನುತ್ತಾರೆ. ಮೈಕಿನ ಮೇಲಿನ ಲೋಗೋ ಹೋದ ಮರುದಿನ ಎಸ್ಪಿ ಕಚೇರಿಯಲ್ಲಿ ಕುರ್ಚಿಯೂ ಸಿಗುವುದಿಲ್ಲ. ನಾನು ಇದನ್ನು ಕಣ್ಣಾರೆ ಕಂಡಿದ್ದೇನೆ.

ಮಂಡ್ಯ ಮೈಕು:
ಕುರ್ಚಿಯ ಮಾತು ಸತ್ಯ. ಆದರೆ ಡೆಸ್ಕಿಗೆ ಬರಲು ನನಗಿರುವ ಮುಖ್ಯ ಅಂಜಿಕೆ ಇದು. ಕೆಲವು ವರ್ಷಗಳ ಹಿಂದೆ ವಾಹಿನಿಯೊಂದು, ಅದರ ಹೆಸರು ಬೇಡ, ತಮಿಳುನಾಡಿಗೆ 15,000 ಟಿಎಂಸಿ ನೀರು ಎಂದು ತೆರೆಯ ಕೆಳಗೆ ಸ್ಕ್ರೋಲ್ ಓಡಿಸಿತು. ಆದೇಶದಲ್ಲಿದ್ದದ್ದು ಕ್ಯುಸೆಕ್, ಅಂದರೆ ಸೆಕೆಂಡಿಗೆ ಇಷ್ಟು ಘನ ಅಡಿ ಎಂಬ ಹರಿವಿನ ಅಳತೆ. ಇಡೀ ಕೆಆರ್‌ಎಸ್ ಹಿಡಿಯುವುದೇ 49.45 ಟಿಎಂಸಿ. ಸ್ಥಳೀಯ ವರದಿಗಾರ ಫೋನ್ ಮಾಡಿ ಮಾಡಿ ಸಾಕಾದ, ಅಷ್ಟರಲ್ಲಿ ಮಂಡ್ಯದ ಸಂಜಯ ವೃತ್ತದಲ್ಲಿ ಜನ ಸೇರಿದ್ದರು. ದಿನವಿಡೀ 11,574 ಕ್ಯುಸೆಕ್ ಹರಿದರೆ ಒಂದು ಟಿಎಂಸಿ ಆಗುತ್ತದೆ ಎಂಬ ಲೆಕ್ಕ ಗೊತ್ತಿದ್ದವರು ಆ ಪಾಳಿಯಲ್ಲಿ ಒಬ್ಬರೂ ಇರಲಿಲ್ಲವೇ?

ನಾಲೆ ಬದಿ:
ಅದೇ ಮಾತು. 2016ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹತ್ತು ದಿನ 15,000 ಕ್ಯುಸೆಕ್ ಬಿಡಿ ಎಂದಾಗ, ಅದು ಒಟ್ಟು ಸುಮಾರು 13 ಟಿಎಂಸಿ ಆಗುತ್ತದೆ ಎಂದು ನಮ್ಮೂರ ಅರಳಿಕಟ್ಟೆಯಲ್ಲಿ ಲೆಕ್ಕ ಹಾಕಿ ಹೇಳಿದ್ದು ಒಬ್ಬ ಸ್ಥಳೀಯ ವರದಿಗಾರ. ಸಂಖ್ಯೆ ಅರ್ಥವಾದರೆ ಜನರ ಸಿಟ್ಟಿಗೂ ಒಂದು ದಿಕ್ಕು ಇರುತ್ತದೆ.

ಡೆಸ್ಕಿನವನು:
ಹಾಗಾದರೆ ಲೆಕ್ಕ ಗೊತ್ತಿರುವವರು ಡೆಸ್ಕಿಗೆ ಬರಲೇಬೇಕು ಎಂಬ ನನ್ನ ವಾದವನ್ನೇ ನೀವಿಬ್ಬರೂ ಗಟ್ಟಿ ಮಾಡಿದಿರಿ. ಮಂಡ್ಯದ ಒಬ್ಬರು ಇನ್‌ಪುಟ್‌ನಲ್ಲಿದ್ದರೆ ಆ ಸ್ಕ್ರೋಲ್ ಹೋಗುತ್ತಿರಲಿಲ್ಲ.

ಯಾದವಗಿರಿ ಕೇಳುಗ:
ಇದು ಒಳ್ಳೆಯ ಉತ್ತರ. ಒಪ್ಪಿದೆ.

ಹಳೆಯ ವರದಿಗಾರ:
ನಾನು ಒಪ್ಪಲಿಲ್ಲ. ಡೆಸ್ಕಿಗೆ ಹೋದ ಜಿಲ್ಲೆಯವರು ಎರಡು ವರ್ಷದಲ್ಲಿ ಡೆಸ್ಕಿನವರೇ ಆಗಿಬಿಡುತ್ತಾರೆ. ಜಿಲ್ಲೆಯ ತಿಳಿವಳಿಕೆ ಬಳಸದಿದ್ದರೆ ಹಳಸುತ್ತದೆ. ಯಾವ ಎಂಜಿನಿಯರ್ ವರ್ಗವಾದರು, ಯಾವ ಸೊಸೈಟಿಯಲ್ಲಿ ಯಾರ ಕೈ ಮೇಲಾಯಿತು, ಮಂಡ್ಯದ ಮೈಶುಗರ್ ಸಕ್ಕರೆ ಕಾರ್ಖಾನೆಯ ಬಾಯ್ಲರ್‌ಗೆ ಈ ಸಲ ಏನಾಯಿತು ಎಂಬುದು ವಾರ ವಾರವೂ ಬದಲಾಗುವ ವಿಷಯ. 1933ರಿಂದ ಇರುವ ಆ ಕಾರ್ಖಾನೆ ನಿಂತದ್ದು, ಮತ್ತೆ ಶುರುವಾದದ್ದು, ಮತ್ತೆ ನಿಂತದ್ದು ಇವುಗಳ ಬಗ್ಗೆಯೇ ಒಬ್ಬ ವರದಿಗಾರನ ಇಡೀ ಸೇವಾವಧಿ ಕಳೆಯಬಹುದು.

ಕ್ಯಾಮೆರಾ ಹಿಂದೆ:
ನಾನು ಒಂದು ದಿನದ ಬಗ್ಗೆ ಬರೆಯಬೇಕು, ಆಗ ಜಿಲ್ಲಾ ತಂಡ ಎಂದರೇನು ಎಂದು ಡೆಸ್ಕಿನ ಸರ್‌ಗೂ ತಿಳಿಯಬಹುದು.

2018ರ ನವೆಂಬರ್ 24, ಶನಿವಾರ. ಪಾಂಡವಪುರ ತಾಲ್ಲೂಕಿನ ಕನಗನಮರಡಿ ಬಳಿ ಖಾಸಗಿ ಬಸ್ಸೊಂದು ವಿಶ್ವೇಶ್ವರಯ್ಯ ನಾಲೆಗೆ ಉರುಳಿ 30 ಜನ ಸತ್ತರು. ಶನಿವಾರದ ಅರ್ಧ ದಿನದ ಶಾಲೆ ಮುಗಿಸಿ ಮನೆಗೆ ಹೊರಟಿದ್ದ ಮಕ್ಕಳೂ ಅದರಲ್ಲಿದ್ದರು. ನಮಗೆ ಸುದ್ದಿ ಕೊಟ್ಟದ್ದು ಪೊಲೀಸರಲ್ಲ, ಆ ಕಡೆಯ ಗದ್ದೆಯಲ್ಲಿದ್ದ ಪರಿಚಯದವರು. ಹೋದಾಗ ಊರಿನವರು ನಾಲೆಗೆ ಇಳಿದು ಶವಗಳನ್ನು ಎತ್ತಿ ಏರಿಯ ಮೇಲೆ ಮಲಗಿಸುತ್ತಿದ್ದರು. ಕ್ಯಾಮೆರಾ ಹಿಡಿಯಬೇಕೋ ಕೈ ಕೊಡಬೇಕೋ ಎಂದು ಆ ಹೊತ್ತಿನಲ್ಲಿ ಯಾರೂ ಪಾಠ ಹೇಳಿಕೊಡುವುದಿಲ್ಲ. ಕಿವಿಯಲ್ಲಿ ಮಾತ್ರ ಬೆಂಗಳೂರಿನಿಂದ ಇನ್ನೂ ಹತ್ತಿರ ಹೋಗಿ, ಸಂಬಂಧಿಕರ ಬೈಟ್ (ಹೇಳಿಕೆ) ತೆಗೆದುಕೊಳ್ಳಿ ಎಂಬ ಕೂಗು ಕೇಳಿಸುತ್ತಿರುತ್ತದೆ. ನನ್ನ ಜೊತೆಯ ವರದಿಗಾರ ಇಯರ್‌ಫೋನ್ ಕಿತ್ತು ಜೇಬಿಗೆ ಹಾಕಿಕೊಂಡರು. ಮಗುವಿನ ಪಕ್ಕ ಕುಳಿತ ತಾಯಿಯ ಮುಂದೆ ಮೈಕು ಹಿಡಿಯಲಿಲ್ಲ. ಆ ಬಗ್ಗೆ ಅವರಿಗೆ ಮೇಲಿನವರಿಂದ ನೋಟಿಸ್ ಬಂದಿತು.

ಅದೇ ರಾತ್ರಿ ಬೆಂಗಳೂರಿನಲ್ಲಿ ಅಂಬರೀಷ್ ತೀರಿಕೊಂಡರು. ಮರುದಿನ ಪಾರ್ಥಿವ ಶರೀರವನ್ನು ಹೆಲಿಕಾಪ್ಟರ್‌ನಲ್ಲಿ ಮಂಡ್ಯಕ್ಕೆ ತಂದು ಸರ್ ಎಂ. ವಿಶ್ವೇಶ್ವರಯ್ಯ ಕ್ರೀಡಾಂಗಣದಲ್ಲಿ ದರ್ಶನಕ್ಕೆ ಇಟ್ಟರು. ಕನಗನಮರಡಿಯ ಮಣ್ಣು ಬಟ್ಟೆಯ ಮೇಲೆ ಹಾಗೆಯೇ ಇರುವಾಗ ನಾವು ಕ್ರೀಡಾಂಗಣದಲ್ಲಿದ್ದೆವು. ಬೆಂಗಳೂರಿನಿಂದ ದೊಡ್ಡ ಹೆಸರಿನವರು ಬಂದು ನೇರ ಪ್ರಸಾರ ಮಾಡಿದರು. ಜನರನ್ನು ಎಲ್ಲಿ ತಡೆದಿದ್ದಾರೆ, ಯಾವ ದಾರಿಯಲ್ಲಿ ಒಳಗೆ ಹೋಗಬಹುದು, ಯಾರು ಯಾವ ಊರಿನ ಮುಖಂಡರು ಎಂದು ಅವರಿಗೆ ಹೇಳಿಕೊಟ್ಟವರು ನಾವು. ಬಸ್ಸಿನಲ್ಲಿ ಸತ್ತವರ ಮನೆಗಳಿಗೆ ಆ ದಿನ ಒಂದೇ ಒಂದು ಕ್ಯಾಮೆರಾ ಕಳುಹಿಸಲು ನಮ್ಮವರಿಗೆ ಪುರಸೊತ್ತು ಇರಲಿಲ್ಲ.

ಮಂಡ್ಯ ಮೈಕು:
ಅಣ್ಣ, ಇದನ್ನು ಬರೆದದ್ದಕ್ಕೆ ಕೃತಜ್ಞತೆಗಳು. ಆ ನೋಟಿಸಿನ ಕಥೆಯನ್ನು ನಾನೂ ಕೇಳಿದ್ದೆ, ನಿಜವೆಂದು ಗೊತ್ತಿರಲಿಲ್ಲ.

ಡೆಸ್ಕಿನವನು:
ಕಿವಿಯಲ್ಲಿ ಕೂಗುವವರ ಪೈಕಿ ನಾನೂ ಒಬ್ಬ. ಅಲ್ಲಿ ನಮ್ಮ ಎದುರಿಗೆ ಉಳಿದ ಎಲ್ಲ ವಾಹಿನಿಗಳ ತೆರೆಗಳು ಸಾಲಾಗಿ ಇರುತ್ತವೆ. ಒಂದರಲ್ಲಿ ದೃಶ್ಯ ಬಂದರೆ ಮೇಲಿನವರು ನಮ್ಮನ್ನು ಕೇಳುತ್ತಾರೆ, ನಾವು ನಿಮ್ಮನ್ನು ಕೇಳುತ್ತೇವೆ. ಇದನ್ನು ಸಮರ್ಥನೆ ಎಂದು ತಿಳಿಯಬೇಡಿ, ವ್ಯವಸ್ಥೆ ಹೇಗಿದೆ ಎಂದು ಹೇಳುತ್ತಿದ್ದೇನೆ.

ಸಿಟಿ ಬಸ್ಸು:
ದಸರಾ ಸಮಯದಲ್ಲಿ ಆನೆಗಳ ತೂಕ ಹಾಕುವ ಸುದ್ದಿಯನ್ನು ಪ್ರತಿವರ್ಷ ಅದೇ ಮಾತುಗಳಲ್ಲಿ ಹೇಳುವ ವರದಿಗಾರರ ಬಗ್ಗೆಯೂ ಯಾರಾದರೂ ಬರೆಯಿರಿ.

ಹಳೆಯ ವರದಿಗಾರ:
ಬರೆಯುತ್ತೇನೆ, ಅದರಲ್ಲಿ ನಗುವಂಥದ್ದೇನೂ ಇಲ್ಲ. 750 ಕಿಲೋ ತೂಕದ ಅಂಬಾರಿ ಹೊರುವ ಆನೆಯ ಆರೋಗ್ಯ ಮೈಸೂರಿಗೆ ಸುದ್ದಿಯೇ. ದ್ರೋಣ, ಬಲರಾಮ, ಅರ್ಜುನ, ಈಗ ಅಭಿಮನ್ಯು ಎಂದು ಅನುಕ್ರಮ ಹೇಳುವುದು ಸುಲಭ. ಆದರೆ ಅರ್ಜುನ 2012ರಿಂದ 2019ರವರೆಗೆ ಅಂಬಾರಿ ಹೊತ್ತು, 2023ರ ಡಿಸೆಂಬರ್‌ನಲ್ಲಿ ಹಾಸನ ಜಿಲ್ಲೆಯ ಕಾಡಾನೆ ಸೆರೆ ಕಾರ್ಯಾಚರಣೆಯಲ್ಲಿ ಸತ್ತಾಗ, ಅವನ ವಯಸ್ಸು, ಮದ, ಮಾವುತರು, ಶಿಬಿರ ಎಲ್ಲವನ್ನೂ ನಿಂತ ನಿಲುವಿನಲ್ಲಿ ಹೇಳಬಲ್ಲವರು ಈ "ತೂಕದ ವರದಿಗಾರರೇ" ಆಗಿದ್ದರು. ವರ್ಷವರ್ಷವೂ ಅರಮನೆ ಆವರಣದಲ್ಲಿ ಮಾವುತರೊಂದಿಗೆ ಕುಳಿತು ಚಹಾ ಕುಡಿದವರಿಗೆ ಮಾತ್ರ ಅದು ಸಾಧ್ಯ.

ಸಿಟಿ ಬಸ್ಸು:
ಸರಿ ಸರ್, ಮಾತು ಹಿಂತೆಗೆದುಕೊಂಡೆ. ಆದರೆ "ಗಜಪಡೆಗೆ ಭರ್ಜರಿ ತಾಲೀಮು" ಎಂಬ ಶೀರ್ಷಿಕೆಗಾದರೂ ವಿಶ್ರಾಂತಿ ಕೊಡಿಸಿ.

ಕೋರ್ಟು ಕಚೇರಿ:
ಭಾವನೆಗಳು ಸಾಕು, ಕಾಗದಪತ್ರದ ವಿಷಯಕ್ಕೆ ಬರೋಣ. ಕಾರ್ಯನಿರತ ಪತ್ರಕರ್ತರ 1955ರ ಕಾಯ್ದೆ ಬರೆದಾಗ ಅದರ ಮುಂದಿದ್ದದ್ದು ಪತ್ರಿಕೆಗಳು. ವೇತನ ಮಂಡಳಿಗಳೂ ಪತ್ರಿಕೆ ಮತ್ತು ಸುದ್ದಿಸಂಸ್ಥೆಗಳಿಗೆ ಸೀಮಿತವಾಗಿದ್ದವು. 2011ರಲ್ಲಿ ಅಧಿಸೂಚನೆಯಾದ ಮಜೀಥಿಯಾ ವೇತನ ಮಂಡಳಿಯ ಶಿಫಾರಸುಗಳೂ ಹಾಗೆಯೇ. ಟಿ.ವಿ. ವರದಿಗಾರರು ದಶಕಗಳ ಕಾಲ ಈ ರಕ್ಷಣೆಯ ಹೊರಗಿದ್ದರು. 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಪರಿಸ್ಥಿತಿಗಳ ಸಂಹಿತೆಯಲ್ಲಿ ವಿದ್ಯುನ್ಮಾನ ಮತ್ತು ಡಿಜಿಟಲ್ ಮಾಧ್ಯಮದಲ್ಲಿ ಕೆಲಸ ಮಾಡುವವರನ್ನೂ ಕಾರ್ಯನಿರತ ಪತ್ರಕರ್ತರ ವ್ಯಾಖ್ಯೆಗೆ ಸೇರಿಸಿದ್ದಾರೆ, ಆ ಸಂಹಿತೆ 2025ರ ನವೆಂಬರ್ 21ರಿಂದ ಜಾರಿಗೆ ಬಂದಿದೆ.

ಆದರೆ ನೀವು ಉದ್ಯೋಗಿ ಎಂದು ತೋರಿಸುವ ಕಾಗದ ಇರಬೇಕು. ಜಿಲ್ಲೆಗಳಲ್ಲಿ ಅನೇಕರಿಗೆ ಗುರುತಿನ ಚೀಟಿ ಬಿಟ್ಟರೆ ಬೇರೇನೂ ಇರುವುದಿಲ್ಲ. "ಸುದ್ದಿ ಪೂರೈಕೆದಾರ" ಎಂಬ ಒಪ್ಪಂದಕ್ಕೆ ಸಹಿ ಹಾಕಿಸಿಕೊಂಡಿರುತ್ತಾರೆ, ಭವಿಷ್ಯ ನಿಧಿ ಕಟ್ಟಿರುವುದಿಲ್ಲ. ವಾರ್ತಾ ಇಲಾಖೆಯ ಮಾನ್ಯತಾ ಪತ್ರಕ್ಕೆ ಅರ್ಜಿ ಹಾಕಲು, ಮುಂದೆ ಮಾಸಾಶನ ಕೇಳಲು, ಎಲ್ಲದಕ್ಕೂ ಸೇವೆಯ ದಾಖಲೆ ಬೇಕಾಗುತ್ತದೆ. ಆದ್ದರಿಂದ ಮೇಡಂ, ಉಳಿಯುವುದಾದರೂ ಹೋಗುವುದಾದರೂ ಮೊದಲು ನೇಮಕಾತಿ ಪತ್ರ ಕೇಳಿ ಪಡೆಯಿರಿ.

ಶ್ರೀರಂಗಪಟ್ಟಣದವ:
ನೇಮಕಾತಿ ಪತ್ರವೇ! ನನಗೆ ಕೆಲಸ ಕೊಡುವಾಗ ಒಂದು ವಾಹಿನಿಯವರು ಕೇಳಿದ್ದು ವರ್ಷಕ್ಕೆ ಎಷ್ಟು ಜಾಹೀರಾತು ತರುತ್ತೀರಿ ಎಂದು. ಯಾರ ಹಗರಣ ಬರೆಯಬೇಕೋ ಅವರ ಮುಂದೆಯೇ ಹುಟ್ಟುಹಬ್ಬದ ಶುಭಾಶಯದ ಜಾಹೀರಾತು ಕೇಳಿಕೊಂಡು ನಿಲ್ಲಬೇಕು. ಅದು ಸಾಕಾಗಿ ಸ್ವಂತ ಯೂಟ್ಯೂಬ್ ವಾಹಿನಿ ಮಾಡಿಕೊಂಡಿದ್ದೇನೆ. ತಾಲ್ಲೂಕಿನ ಗ್ರಾಮ ಸಭೆಗಳನ್ನು ಪೂರ್ತಿಯಾಗಿ ಹಾಕುತ್ತೇನೆ. ನೋಡುವವರು ಕೆಲವೇ ಸಾವಿರ ಮಂದಿ, ಆದರೆ ಅವರೆಲ್ಲ ಆ ಊರಿನವರೇ. ಮಂಡ್ಯ ಮೈಕು ಅವರಿಗೆ ಮೂರನೆಯ ದಾರಿಯೂ ಇದೆ ಎಂದು ಹೇಳಲು ಇಷ್ಟಪಡುತ್ತೇನೆ.

ಸರಸ್ವತಿಪುರಂ ಮೇಷ್ಟ್ರು:
ನಿಮ್ಮಂಥವರ ಬಗ್ಗೆ ಗೌರವವಿದೆ. ಆದರೆ ಅದೇ ದಾರಿಯಲ್ಲಿ ಲೋಗೋ ಮಾಡಿಸಿಕೊಂಡು ಕಲ್ಲು ಕ್ವಾರಿಗಳ ಮುಂದೆ ಕಾರು ನಿಲ್ಲಿಸುವವರೂ ಇದ್ದಾರೆ ಎಂಬುದು ಪಾಂಡವಪುರ, ಶ್ರೀರಂಗಪಟ್ಟಣದ ಕಡೆಯವರಿಗೆ ನಾನು ಹೇಳಬೇಕಾಗಿಲ್ಲ.

ಶ್ರೀರಂಗಪಟ್ಟಣದವ:
ಇದ್ದಾರೆ. ಆದರೆ ಅವರು ಯೂಟ್ಯೂಬ್ ಬರುವ ಮೊದಲೂ ಇದ್ದರು ಮೇಷ್ಟ್ರೆ, ಆಗ ಬೇರೆ ಲೋಗೋ ಇತ್ತು.

ಗಂಗೋತ್ರಿ ಹಾಸ್ಟೆಲ್:
ಮೈಸೂರಿನ ಖಾಸಗಿ ಎಫ್.ಎಂ. ಕೇಂದ್ರಗಳಲ್ಲಿ ಸುದ್ದಿ ವಿಭಾಗ ಇದ್ದಿದ್ದರೆ ಜಿಲ್ಲೆಯಲ್ಲಿಯೇ ಎಷ್ಟೋ ಜನರಿಗೆ ಕೆಲಸ ಸಿಗುತ್ತಿತ್ತಲ್ಲವೇ? ಅವರು ಏಕೆ ಸುದ್ದಿ ಮಾಡುವುದಿಲ್ಲ?

ಯಾದವಗಿರಿ ಕೇಳುಗ:
ಮಾಡುವಂತಿಲ್ಲ. ಖಾಸಗಿ ಎಫ್.ಎಂ.ನವರು ಸ್ವಂತ ಸುದ್ದಿ ಪ್ರಸಾರ ಮಾಡಲು ಕೇಂದ್ರದ ನೀತಿಯಲ್ಲಿ ಅವಕಾಶ ಕೊಟ್ಟಿಲ್ಲ. ಬೇಕಾದರೆ ಆಕಾಶವಾಣಿಯ ವಾರ್ತೆಯನ್ನು ಹಾಗೆಯೇ ಮರುಪ್ರಸಾರ ಮಾಡಬಹುದು. ಸಮುದಾಯ ಬಾನುಲಿಗೂ ಸುಮಾರು ಇದೇ ಕಟ್ಟುಪಾಡು. ಸಂಚಾರ, ಹವಾಮಾನ, ಪರೀಕ್ಷೆ, ನೀರು ವಿದ್ಯುತ್ ವ್ಯತ್ಯಯ ಇಂಥವನ್ನು ಹೇಳಬಹುದು. ಟಿ.ವಿ.ಯಲ್ಲಿ ಇಪ್ಪತ್ತನಾಲ್ಕು ಗಂಟೆ ಏನು ಬೇಕಾದರೂ ಹೇಳಬಹುದಾದ ದೇಶದಲ್ಲಿ ರೇಡಿಯೋಗೆ ಮಾತ್ರ ಈ ನಿರ್ಬಂಧ ಏಕೆಂದು ನನಗೆ ಇಂದಿಗೂ ಅರ್ಥವಾಗಿಲ್ಲ.

ಇನ್ನೊಬ್ಬ ವರದಿಗಾರ್ತಿ:
ಇಷ್ಟು ಹೊತ್ತು ಓದುತ್ತಿದ್ದೆ. ಹೆಣ್ಣುಮಕ್ಕಳ ಕಷ್ಟವನ್ನು ಯಾರೂ ಎತ್ತಲಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. ಮೈಸೂರಿನಲ್ಲಿ ನಮ್ಮ ಸಂಖ್ಯೆ ಸ್ವಲ್ಪ ಇದೆ, ಉಳಿದ ಜಿಲ್ಲೆಗಳಲ್ಲಿ ಒಬ್ಬರೋ ಇಬ್ಬರೋ. ರಾತ್ರಿ ಎರಡು ಗಂಟೆಗೆ ಹೆದ್ದಾರಿ ಅಪಘಾತ ಎಂದು ಫೋನ್ ಬಂದರೆ ಅಪ್ಪನೋ ಗಂಡನೋ ಜೊತೆಗೆ ಬರಬೇಕು, ಇಲ್ಲವೇ ಒಬ್ಬಳೇ ಸ್ಕೂಟರ್ ತೆಗೆಯಬೇಕು. ದಿನವಿಡೀ ಧರಣಿಯ ಮುಂದೆ ನಿಂತರೆ ಶೌಚಾಲಯಕ್ಕೆ ಯಾವ ಹೋಟೆಲಿಗೆ ಹೋಗಬೇಕು ಎಂಬ ನಕ್ಷೆ ನಮ್ಮ ತಲೆಯಲ್ಲಿ ಇರಬೇಕು. 2018ರ ಡಿಸೆಂಬರ್‌ನಲ್ಲಿ ಸುಳ್ವಾಡಿಯ ದೇವಸ್ಥಾನದ ಪ್ರಸಾದಕ್ಕೆ ವಿಷ ಬೆರೆಸಿದ ಪ್ರಕರಣದ ರೋಗಿಗಳನ್ನು ಮೈಸೂರಿನ ಆಸ್ಪತ್ರೆಗಳಿಗೆ ತಂದಾಗ ವಾರ್ಡಿನ ಒಳಗಿದ್ದ ಹೆಂಗಸರು ಪುರುಷ ವರದಿಗಾರರ ಬಳಿ ಬಾಯಿ ಬಿಡಲಿಲ್ಲ. ನನ್ನ ಕೈ ಹಿಡಿದು ಮಾತನಾಡಿದರು. ಆದ್ದರಿಂದ ಜಿಲ್ಲೆಯಲ್ಲಿ ಹೆಣ್ಣು ವರದಿಗಾರ್ತಿ ಇರಬೇಕಾದದ್ದು ನಮ್ಮ ಅನುಕೂಲಕ್ಕೆ ಮಾತ್ರವಲ್ಲ. ಆದರೆ ಮಂಡ್ಯ ಮೈಕು ಅವರು ಹೋದರೆ ನಾನು ದೂರುವುದಿಲ್ಲ. ಇಲ್ಲಿರುವ ಹಿರಿಯರು "ಉಳಿಯಿರಿ" ಎಂದು ಹೇಳುವಷ್ಟು ಸುಲಭವಾಗಿ ಉಳಿಯಲು ಬೇಕಾದ್ದನ್ನು ಕೊಡಿಸಿದ್ದನ್ನು ನಾನು ಕಂಡಿಲ್ಲ.

ಹಳೆಯ ವರದಿಗಾರ:
ತಾಯಿ, ಈ ಮಾತಿಗೆ ನನ್ನ ಬಳಿ ಉತ್ತರವಿಲ್ಲ.

ಕ್ಯಾಮೆರಾ ಹಿಂದೆ:
ಇನ್ನೊಂದು ವಿಷಯ. ನಾವು ತೆಗೆದದ್ದು ಎಲ್ಲಿದೆ? ಟೇಪುಗಳ ಮೇಲೆಯೇ ಮತ್ತೆ ಮತ್ತೆ ಚಿತ್ರೀಕರಿಸಿ ಹಳೆಯದನ್ನು ಅಳಿಸಿದೆವು, ಏಕೆಂದರೆ ಹೊಸ ಟೇಪಿಗೆ ಕಚೇರಿಯವರು ದುಡ್ಡು ಕೊಡುತ್ತಿರಲಿಲ್ಲ. ಕಾವೇರಿ ಚಳವಳಿಯ ಒಂದು ಕಾಲಘಟ್ಟವೇ ಹಾಗೆ ಹೋಯಿತು. ಜಿ. ಮಾದೇಗೌಡರು ರಸ್ತೆಯಲ್ಲಿ ಕುಳಿತು ಮಾತನಾಡಿದ ಗಂಟೆಗಟ್ಟಲೆ ದೃಶ್ಯಗಳಲ್ಲಿ ನನ್ನ ಬಳಿ ಉಳಿದಿರುವುದು ಒಂದೇ ಟೇಪು, ಅದನ್ನು ಓಡಿಸುವ ಯಂತ್ರ ಸಿಗುತ್ತಿಲ್ಲ.

ಸರಸ್ವತಿಪುರಂ ಮೇಷ್ಟ್ರು:
ಆ ಟೇಪನ್ನು ದಯವಿಟ್ಟು ಬಿಸಿಲು, ತೇವ ತಾಗದಂತೆ ನಿಲ್ಲಿಸಿ ಇಡಿ, ಯಾವುದೋ ಹಳೆಯ ಕ್ಯಾಮೆರಾದಲ್ಲಿ ಹಾಕಿ ನೋಡಲು ಹೋಗಬೇಡಿ. ನನಗೆ ಸಂದೇಶ ಕಳುಹಿಸಿ. ಓಡುವ ಸ್ಥಿತಿಯಲ್ಲಿರುವ ಯಂತ್ರವೊಂದು ನನಗೆ ತಿಳಿದಂತೆ ಇದೆ, ವಿಚಾರಿಸುತ್ತೇನೆ.

ಮಂಡ್ಯ ಮೈಕು:
ಎಲ್ಲರಿಗೂ ಧನ್ಯವಾದ. ಇಂದು ಕಚೇರಿಗೆ ಫೋನ್ ಮಾಡಿ, ಡೆಸ್ಕಿಗೆ ಕೊಡುವುದಾಗಿ ಹೇಳಿದ ಸಂಬಳವನ್ನೇ ಮಂಡ್ಯದಲ್ಲಿ ಕೊಡಿ, ಜೊತೆಗೆ ನೇಮಕಾತಿ ಪತ್ರ ಮತ್ತು ಭವಿಷ್ಯ ನಿಧಿ ಕೊಡಿ ಎಂದು ಕೇಳಿದೆ. ಮೊದಲು ನಕ್ಕರು. ಕಾವೇರಿ ವಿಷಯದಲ್ಲಿ ಸ್ಕ್ರೋಲ್ ಹೋಗುವ ಮೊದಲು ನನಗೆ ತೋರಿಸುವ ವ್ಯವಸ್ಥೆ ಆಗಬೇಕು ಎಂದೂ ಹೇಳಿದೆ. ಅದಕ್ಕೆ ನಗಲಿಲ್ಲ, ಮಾತನಾಡಿ ಹೇಳುತ್ತೇವೆ ಎಂದರು.

ಡೆಸ್ಕಿನವನು:
ಮಾತನಾಡಿ ಹೇಳುತ್ತೇವೆ ಎಂದರೆ ಸಾಮಾನ್ಯವಾಗಿ ಇಲ್ಲ ಎಂದೇ ಅರ್ಥ. ಸ್ಕ್ರೋಲ್ ತೋರಿಸುವ ವ್ಯವಸ್ಥೆಯನ್ನು ಮಾತ್ರ ಯಾರ ಅಪ್ಪಣೆಯೂ ಇಲ್ಲದೆ ಪಾಳಿಯವರೇ ವಾಟ್ಸ್‌ಆ್ಯಪ್‌ನಲ್ಲಿ ಮಾಡಿಕೊಳ್ಳಬಹುದು. ನಮ್ಮಲ್ಲಿ ನಾಳೆಯಿಂದಲೇ ಶುರು ಮಾಡುತ್ತೇನೆ, ಚಾಮರಾಜನಗರ ಮತ್ತು ಮಂಡ್ಯದವರನ್ನು ಸೇರಿಸಿ.

ಕೋರ್ಟು ಕಚೇರಿ:
ಫೋನಿನಲ್ಲಿ ಕೇಳಿದ್ದು ಸಾಲದು ಮೇಡಂ. ಅದೇ ಮಾತುಗಳನ್ನು ಇಂದೇ ಇ-ಮೇಲ್ ಮಾಡಿ, ನೀವು ಸೇರಿದ ದಿನಾಂಕವನ್ನು ಅದರಲ್ಲಿ ತಪ್ಪದೆ ನಮೂದಿಸಿ.